ರಬಿಯಾಬಿಯ ಮೊದಲ ಓಟು

ಅಫಜಲಪುರ, ಹೊರಡುವ ವಾರ

ಪರದೇಶಕ್ಕೆ ಹೋಗುವವರು ಚಳಿಗೆ ಹೆದರುತ್ತಾರೆ, ವಿಮಾನಕ್ಕೆ ಹೆದರುತ್ತಾರೆ, ಅಲ್ಲಿ ಊಟ ಹೇಗೋ ಏನೋ ಎಂದು ಹೆದರುತ್ತಾರೆ. ನಾನು ಹೆದರಿದ್ದು ಕಾಗದಗಳಿಗೆ. ಮೂವತ್ತೆರಡು ವರ್ಷ ಸರ್ಕಾರಿ ಶಾಲೆಯಲ್ಲಿ ಕಲಿಸಿದೆ. ಅಷ್ಟೂ ವರ್ಷ ಯಾವ ಚುನಾವಣೆ ಬಂದರೂ ಮತಗಟ್ಟೆಯ ಡ್ಯೂಟಿ ತಪ್ಪಲಿಲ್ಲ. ಸೊನ್ನದಲ್ಲಿ ಕೂತಿದ್ದೇನೆ, ಜಿಡಗಾದಲ್ಲಿ ಕೂತಿದ್ದೇನೆ, ಜೇವರ್ಗಿ ಕಡೆಯ ಅಂದೋಲಾದಲ್ಲಿ ಕೂತಿದ್ದೇನೆ. ಬಂದವರ ಗುರುತು ನೋಡಿ, ಪಟ್ಟಿಯಲ್ಲಿ ಹೆಸರು ಹುಡುಕಿ, ಗಟ್ಟಿಯಾಗಿ ಓದಿ ಹೇಳುವುದು ನನ್ನ ಕೆಲಸ. ಮನುಷ್ಯ ಎದುರಿಗೆ ನಿಂತು "ನಾನ ರೀ" ಎಂದರೆ ಸಾಲದು, ಕಾಗದವೂ ಹೌದು ಎನ್ನಬೇಕು. ಆ ಕುರ್ಚಿಯಲ್ಲಿ ಕೂತು ಕೂತು ನನಗೆ ಬಂದ ಬುದ್ಧಿ ಇದು.

ಹಾಗಾಗಿ ಟೆಕ್ಸಾಸಿಗೆ ಹೊರಡುವಾಗ ಪಾಸ್‌ಪೋರ್ಟು, ವೀಸಾ, ಆಧಾರ್, ಪಿಂಚಣಿ ಪುಸ್ತಕ, ಮದುವೆಯ ನೋಂದಣಿ ಪತ್ರ, ಎಲ್ಲದರ ಮೂರು ಮೂರು ಝೆರಾಕ್ಸ್ ಮಾಡಿಸಿ ಬೇರೆ ಬೇರೆ ಚೀಲದಲ್ಲಿಟ್ಟೆ. ನಮ್ಮ ಮನೆಯವರು ಬಾಗಿಲಲ್ಲಿ ನಿಂತು ನೋಡಿ, "ನೀ ಅಮೇರಿಕಾಕ್ಕ ಹೊಂಟೀಯೋ, ತಹಶೀಲ್ ಆಫೀಸಿಗೆ ಹೊಂಟೀಯೋ?" ಎಂದು ನಕ್ಕರು. ನನಗೆ ನಗು ಬರಲಿಲ್ಲ.

ಕರೆದವಳು ರಬಿಯಾ. ಆಳಂದದಲ್ಲಿ ನಮ್ಮದು ಅವರದು ಒಂದೇ ಓಣಿ, ಒಂದೇ ನಡುಗೋಡೆ. ನಾನು ಮದುವೆಯಾಗಿ ಅಫಜಲಪುರಕ್ಕೆ ಬಂದೆ. ಅವಳು ಇಸ್ಮಾಯಿಲ್ ಪಟೇಲರನ್ನು ಮದುವೆಯಾಗಿ ಮೊದಲು ಕೊಲ್ಲಿ ದೇಶಕ್ಕೆ, ಅಲ್ಲಿಂದ ಅಮೇರಿಕಕ್ಕೆ ಹೋದಳು. ಗಂಡ ತೀರಿ ಎರಡು ವರ್ಷವಾಗಿತ್ತು, ಮಗಳು ದೂರದ ಬೇರೊಂದು ರಾಜ್ಯದಲ್ಲಿದ್ದಳು. "ರಿಟೈರ್ ಆಗಿದೀಯಲ್ಲ ಬೇ, ಈಗರ ಬಾ. ನನ್ನ ಕೂಡ ಒಂದು ತಿಂಗಳ ಕನ್ನಡ ಮಾತಾಡ" ಎಂದು ಶುಕ್ರವಾರಕ್ಕೊಮ್ಮೆ ಫೋನು ಮಾಡುತ್ತಿದ್ದಳು. ಆ ಕೊನೆಯ ಮಾತಿಗೆ ನಾನು ಹೊರಟೆ.

ವಿಮಾನ ನಿಲ್ದಾಣ

ಇಳಿದ ಕೂಡಲೇ ಸಾಲು. ಗಾಜಿನ ಹಿಂದೆ ಕೂತ ಅಧಿಕಾರಿ ಚಿಕ್ಕ ವಯಸ್ಸಿನವನು. ನಾಲ್ಕು ಬೆರಳು ಯಂತ್ರದ ಮೇಲೆ ಇಡಿ ಎಂದ. ಇಟ್ಟೆ. ಕೆಂಪು ದೀಪ. ಮತ್ತೆ ಇಟ್ಟೆ. ಮತ್ತೆ ಕೆಂಪು. ಸುಣ್ಣದ ಕಡ್ಡಿ ಹಿಡಿದು ಹಿಡಿದು ನನ್ನ ಬೆರಳ ತುದಿಯ ಗೆರೆಗಳು ಸವೆದಿವೆ. ನ್ಯಾಯಬೆಲೆ ಅಂಗಡಿಯಲ್ಲೂ ನನ್ನದು ಇದೇ ಹಾಡು. ಅಲ್ಲಿ ಅಂಗಡಿಯವನು, "ಅಕ್ಕಾರ, ಜರಾ ಹಣಿಗೆ ತಿಕ್ಕಿ ಇಡ್ರಿ" ಎನ್ನುತ್ತಾನೆ. ಹಣೆಯ ಜಿಡ್ಡು ಹತ್ತಿದರೆ ಯಂತ್ರ ಒಪ್ಪುತ್ತದೆ.

ಹಿಂದೆ ನೂರಾರು ಜನ ನಿಂತಿದ್ದಾರೆ. ನಾನು ಹಿಂದು ಮುಂದು ನೋಡದೆ ಬೆರಳುಗಳನ್ನು ಹಣೆಗೆ ಗಸಗಸ ತಿಕ್ಕಿದೆ. ಆ ಹುಡುಗ ಕುರ್ಚಿಯಲ್ಲಿ ನೆಟ್ಟಗಾದ. ತಲೆನೋವೇ, ವೈದ್ಯರನ್ನು ಕರೆಯಲೇ ಎಂದು ಕೇಳಿದ. ಮತ್ತೆ ಬೆರಳಿಟ್ಟೆ. ಹಸಿರು ದೀಪ ಹತ್ತಿತು. ಅವನು ಯಂತ್ರವನ್ನೊಮ್ಮೆ ನನ್ನ ಹಣೆಯನ್ನೊಮ್ಮೆ ನೋಡಿ ಮುದ್ರೆ ಒತ್ತಿದ.

ಹೊರಗೆ ರಬಿಯಾ ತಾನೇ ಕಾರು ತಂದು ನಿಂತಿದ್ದಳು. "ಎಷ್ಟ ಸೊರಗೀದಿ ಬೇ ನಂದಾ!" ಎಂದು ತಬ್ಬಿಕೊಂಡಳು. ಮಹಾನಂದಾ ಎಂಬ ನನ್ನ ಹೆಸರನ್ನು ಅರ್ಧ ಕತ್ತರಿಸಿ ಕರೆಯುವವರು ಈಗ ಅವಳೊಬ್ಬಳೇ ಉಳಿದಿದ್ದಾಳೆ.

ರಬಿಯಾಳ ಮನೆ

ಅವಳು ಒಂದು ಶಾಲೆಯ ಅಡುಗೆಮನೆಯಲ್ಲಿ ಕೆಲಸ ಮಾಡುತ್ತಾಳೆ. ಮಾರನೆಯ ಬೆಳಿಗ್ಗೆ ಕೆಲಸಕ್ಕೆ ಹೊರಟಾಗ ಎದೆಯ ಮೇಲಿನ ಬಿಲ್ಲೆ ನೋಡಿದೆ. ಅದರಲ್ಲಿ ಇಂಗ್ಲಿಷಿನ ಮೂರೇ ಅಕ್ಷರ: ಎಫ್, ಎನ್, ಯು.

"ಇದೇನು?"

"ಅದು ನನ್ನ ಹೆಸರ ಬೇ" ಎಂದಳು. "ಇಲ್ಲಿ ಹುಡುಗರು ನಂಗ ಮಿಸ್ ಫ್ನೂ ಅಂತಾರ."

ಕಥೆ ಇಷ್ಟು. ಅವಳ ಮೊದಲ ಪಾಸ್‌ಪೋರ್ಟಿನಲ್ಲಿ ಇದ್ದದ್ದು ಬರೀ ರಬಿಯಾಬಿ. ಮನೆತನದ ಹೆಸರಿನ ಜಾಗ ಖಾಲಿ. ನಮ್ಮ ಕಡೆ ಅದಕ್ಕೇನು, ಇಂಥವರ ಮಗಳು, ಇಂಥವರ ಹೆಂಡತಿ ಎಂದರೆ ಮುಗಿಯಿತು. ಅಮೇರಿಕದ ಕಾಗದಕ್ಕೆ ಎರಡು ಹೆಸರು ಬೇಕು. ಆದ್ದರಿಂದ ರಬಿಯಾಬಿಯನ್ನು ಮನೆತನದ ಹೆಸರಿನ ಜಾಗಕ್ಕೆ ಹಾಕಿ, ಮೊದಲ ಹೆಸರು ತಿಳಿಯದು ಎಂದು ಬರೆದರು. ಅದರ ಇಂಗ್ಲಿಷ್ ಮೊದಲಕ್ಷರಗಳೇ ಆ ಎಫ್, ಎನ್, ಯು. ಡ್ರೈವಿಂಗ್ ಲೈಸೆನ್ಸಿಗೂ ಅದೇ ಬಂತು. ಹದಿನೆಂಟು ವರ್ಷ ಅವಳು 'ಹೆಸರು ತಿಳಿಯದು ರಬಿಯಾಬಿ'ಯಾಗಿ ಅಲ್ಲಿ ಬದುಕಿದಳು.

ನಾನು ಹೋಗುವ ಎರಡು ಮೂರು ತಿಂಗಳ ಮೊದಲು ಅವಳಿಗೆ ಪೌರತ್ವ ಸಿಕ್ಕಿತು. ಪ್ರಮಾಣ ಮಾಡಿಸಿದ ನ್ಯಾಯಾಧೀಶರು, ಹೆಸರು ಬದಲಿಸಿಕೊಳ್ಳುವುದಿದ್ದರೆ ಈಗಲೇ ಆಗಬಹುದು ಎಂದರಂತೆ. ಗಂಡನ ಹೆಸರು ಸೇರಿಸಿ ರಬಿಯಾಬಿ ಇಸ್ಮಾಯಿಲ್ ಪಟೇಲ್ ಆದಳು. ಅಂದೇ, ಅದೇ ಬಾಗಿಲಲ್ಲಿ, ಮತದಾರರ ಪಟ್ಟಿಗೂ ಆ ಹೊಸ ಹೆಸರನ್ನೇ ಬರೆಸಿದಳು. ಅವಳು ತನ್ನ ಜನ್ಮದಲ್ಲಿ ಎಲ್ಲಿಯೂ ಒಂದು ಓಟು ಹಾಕಿದವಳಲ್ಲ. ನಾನು ಹೋದ ತಿಂಗಳೇ ರಾಜ್ಯದ ಚುನಾವಣೆ. ಅಲ್ಲಿ ಗವರ್ನರನ್ನು ಜನರೇ ಆರಿಸುತ್ತಾರೆ, ನಮ್ಮ ಮುಖ್ಯಮಂತ್ರಿಯ ಕೆಲಸ ಅವರದು. ಓಟರ್ ಕಾರ್ಡನ್ನು ಅವಳು ಮೇಜಿನ ಮೇಲೆ ಅತ್ತರಿನ ಶೀಶೆಗೆ ಒರಗಿಸಿ ಇಟ್ಟಿದ್ದಳು.

ನಾನು ಕೈಗೆತ್ತಿಕೊಂಡು ನೋಡಿದೆ. ತೆಳ್ಳನೆಯ ರಟ್ಟು. ಹೆಸರಿದೆ, ವಿಳಾಸವಿದೆ, ಫೋಟೋ ಇಲ್ಲ.

"ಫೋಟೋ ಎಲ್ಲಿ?"

"ಇದಕ್ಕ ಫೋಟೋ ಇರಂಗಿಲ್ಲ. ಫೋಟೋ ಲೈಸೆನ್ಸಿನ್ಯಾಗ ಅದ."

"ಲೈಸೆನ್ಸಿನ್ಯಾಗ ಹೆಸರೇನದ?"

ರಬಿಯಾ ಎದೆಯ ಮೇಲಿನ ಬಿಲ್ಲೆ ಮುಟ್ಟಿ ತೋರಿಸಿದಳು. ಹೊಸ ಹೆಸರಿನ ಪೌರತ್ವ ಪತ್ರದಲ್ಲಿ ಫೋಟೋ ಇತ್ತು, ಅದು ನಡೆಯುತ್ತಿತ್ತು. ಆದರೆ ಆಳಂದಕ್ಕೆ ಬರಬೇಕು, ಅಣ್ಣನ ಮಗಳ ಮದುವೆ ಎಂದು ಅವಳು ಪಾಸ್‌ಪೋರ್ಟಿಗೆ ಅರ್ಜಿ ಹಾಕಿ, ಅಸಲು ಪತ್ರವನ್ನು ಅದರ ಜೊತೆ ಕೊಟ್ಟುಬಿಟ್ಟಿದ್ದಳು. ಲೈಸೆನ್ಸಿನ ಹೆಸರು ಬದಲಿಸಲೂ ಅದೇ ಪತ್ರ ಬೇಕು. ಪತ್ರ ಅಂಚೆಯಲ್ಲಿ, ಪಾಸ್‌ಪೋರ್ಟು ಎಲ್ಲಿಯೋ. ಕೈಯಲ್ಲಿ ಉಳಿದದ್ದು ಹಳೇ ಹೆಸರಿನ ಲೈಸೆನ್ಸು, ಫೋಟೋ ಇಲ್ಲದ ಹೊಸ ಕಾರ್ಡು.

ನನ್ನ ಮೇಜಿನ ಮುಂದೆ ಇವಳು ಬಂದಿದ್ದರೆ ನಾನೇನು ಮಾಡುತ್ತಿದ್ದೆ ಎಂದು ಯೋಚಿಸಿದೆ. ಅವಳಿಗೆ ಹೇಳಲಿಲ್ಲ.

ಗ್ರಂಥಾಲಯ

ಅಲ್ಲಿ ಮತದಾನದ ದಿನಕ್ಕೆ ಮೊದಲೇ ಸುಮಾರು ಎರಡು ವಾರ ಓಟು ಹಾಕಬಹುದು. ಒಂದು ಮಧ್ಯಾಹ್ನ ರಬಿಯಾಳ ಮನೆಗೆ ಹತ್ತಿರದ ಗ್ರಂಥಾಲಯಕ್ಕೆ ಹೋದೆವು. ಪೊಲೀಸರಿಲ್ಲ, ಬಂದೂಕು ಹಿಡಿದ ಜವಾನರಿಲ್ಲ, ಬೆರಳಿಗೆ ಶಾಯಿ ಇಲ್ಲ. ಮಕ್ಕಳ ಕಥೆಪುಸ್ತಕಗಳ ಕಪಾಟಿನ ಪಕ್ಕದಲ್ಲೇ ಮತಗಟ್ಟೆ. ಜನ ನಾಯಿ ಹಿಡಿದುಕೊಂಡು ಬಂದು, ನಾಯಿಯನ್ನು ಕಂಬಕ್ಕೆ ಕಟ್ಟಿ ಒಳಗೆ ಹೋಗುತ್ತಿದ್ದರು. ಒಂದೇ ಒಂದು ವಿಷಯ ಥೇಟ್ ನಮ್ಮಂತೆ. ಬಾಗಿಲಿಂದ ನೂರು ಅಡಿ ದೂರದಲ್ಲಿ ಒಂದು ಫಲಕ. ಅದರೊಳಗೆ ಪ್ರಚಾರ ಕೂಡದು, ಫೋನು ಕೂಡದು. ನಮ್ಮಲ್ಲಿ ನೂರು ಮೀಟರಿಗೆ ಸುಣ್ಣದ ಗೆರೆ ಎಳೆಯುತ್ತೇವೆ.

ಮತದಾರಳಲ್ಲದವಳು ನಾನು. ಗೆರೆಯೊಳಗೆ ಸುಮ್ಮನೆ ನಿಂತರೆ ತಪ್ಪಾದೀತೇನೋ ಎಂದು ಫಲಕದ ಆಚೆಯೇ ಉಳಿದೆ. ಮೂರು ದಶಕ ಒಳಗೆ ಕೂತವಳಿಗೆ ಹೊರಗೆ ನಿಲ್ಲುವುದು ಏನೆಂದು ಗೊತ್ತೇ ಇರಲಿಲ್ಲ. ಕಾಲು ಒಂದು ಕಡೆ ನಿಲ್ಲವು.

ಐದು ನಿಮಿಷಕ್ಕೆ ರಬಿಯಾ ಹೊರಗೆ ಬಂದಳು. ಬಂದಳು ಏನು, ಓಡಿಯೇ ಬಂದಳು. ದುಪಟ್ಟಾ ಭುಜದಿಂದ ಜಾರಿತ್ತು, ಮುಖ ಬಿಳಿಚಿಕೊಂಡಿತ್ತು.

"ನಡಿ ಬೇ, ಜಲ್ದಿ ನಡಿ. ಗಾಡಿ ಹತ್ತು."

"ಏನಾಯ್ತ?"

"ಹತ್ತು ಅಂದ್ರ!"

ಕಾರು ಎರಡು ರಸ್ತೆ ದಾಟಿ, ಒಂದು ಅಂಗಡಿಯ ಮುಂದೆ ನಿಂತಮೇಲೆ ಬಾಯಿಬಿಟ್ಟಳು. ಲೈಸೆನ್ಸು ತೋರಿಸಿದಳಂತೆ. ಮೇಜಿನ ಹೆಂಗಸು ಪಟ್ಟಿ ನೋಡಿ, ಲೈಸೆನ್ಸು ನೋಡಿ, ಎರಡೂ ಹೆಸರು ಕೂಡುತ್ತಿಲ್ಲವಲ್ಲ ಎಂದಳಂತೆ. ಆಮೇಲೆ ನಗುತ್ತಲೇ, ಒಂದು ನಿಮಿಷ ನಿಲ್ಲಿ, ಜಡ್ಜನ್ನು ಕರೆಯುತ್ತೇನೆ ಎಂದಳಂತೆ.

"ಜಡ್ಜ್ ಬೇ! ಒಂದು ಓಟಿಗೆ ಜಡ್ಜನ್ನ ಕರೀತಾರ ಅಂದ್ರ ಏನದು? ಸುಳ್ಳು ಹೆಸರೀಲೆ ಓಟ ಹಾಕಿದ್ರ ಕಾಗದ ಕಸ್ಕೊಂಡು ಹೊರಗ ಹಾಕ್ತಾರಂತ ನಮ್ಮ ಹೆಂಗಸರ ಗ್ರೂಪಿನ್ಯಾಗ ದಿನಾ ಬರ್ತದ. ನಾ ಸಾಲಿನ್ಯಾಗಿಂದ ಹಂಗಽ ಬಂದುಬಿಟ್ಟೆ."

ಲೈಸೆನ್ಸನ್ನು ಅಲ್ಲೇ ಬಿಟ್ಟು ಬಂದಿಲ್ಲ ತಾನೇ ಎಂದು ಕೇಳಿದೆ. ಮುಷ್ಟಿ ಬಿಚ್ಚಿದಳು. ಲೈಸೆನ್ಸು ಅಲ್ಲೇ ಇತ್ತು. ಅಂಚು ಒತ್ತಿ ಅಂಗೈಯಲ್ಲಿ ಕೆಂಪು ಗೆರೆ ಮೂಡಿತ್ತು.

ಅಂಚೆ ಡಬ್ಬಿಯ ದಿನಗಳು

ಅಲ್ಲಿಂದ ಮುಂದೆ ಉಳಿದದ್ದು ಒಂದೇ ಆಸೆ, ಪಾಸ್‌ಪೋರ್ಟು ಬರಬೇಕು. ಅವರ ಕಟ್ಟಡದ ಎಲ್ಲ ಮನೆಗಳ ಅಂಚೆ ಡಬ್ಬಿಗಳು ಕೆಳಗೆ ಒಂದೇ ಕಡೆ, ಬ್ಯಾಂಕಿನ ಲಾಕರಿನ ಹಾಗೆ. ರಬಿಯಾ ಕೆಲಸಕ್ಕೆ ಹೋದಮೇಲೆ ಕೀಲಿಕೈ ನನ್ನ ಬಳಿ. ಅಂಚೆಯವಳು ಮಧ್ಯಾಹ್ನ ಬರುತ್ತಾಳೆ. ನಾನು ಹನ್ನೊಂದಕ್ಕೇ ಇಳಿದು ಮೆಟ್ಟಿಲ ಮೇಲೆ ಕೂರುತ್ತಿದ್ದೆ. ದಿನವೂ ಡಬ್ಬಿ ತುಂಬ ಕಾಗದ. ಅಭ್ಯರ್ಥಿಗಳ ಬಣ್ಣದ ಫೋಟೋಗಳು, ಪಿಜ್ಜಾ ಅಂಗಡಿಯ ಚೀಟಿಗಳು, ಹಲ್ಲಿನ ವೈದ್ಯರ ಜಾಹೀರಾತು. ನಮ್ಮಲ್ಲಿ ಅಭ್ಯರ್ಥಿ ಮನೆ ಬಾಗಿಲಿಗೆ ಬಂದು ಕೈ ಮುಗಿಯುತ್ತಾನೆ, ಅಲ್ಲಿ ಡಬ್ಬಿಯಲ್ಲಿ ಮಡಚಿಕೊಂಡು ಬಿದ್ದಿರುತ್ತಾನೆ. ಪಾಸ್‌ಪೋರ್ಟು ಮಾತ್ರ ಇಲ್ಲ.

ಪಕ್ಕದ ಮನೆಯ ಬಿಲ್ ಎಂಬ ಮುದುಕ ನನ್ನನ್ನು ಮೂರು ದಿನ ನೋಡಿ ನಾಲ್ಕನೆಯ ದಿನ ಮಾತಾಡಿಸಿದ. ನಾನು ನನ್ನ ಶಾಲೆಯ ಇಂಗ್ಲಿಷಿನಲ್ಲಿ ಕಷ್ಟ ಹೇಳಿಕೊಂಡೆ. ಅವನು ತನ್ನ ಪಾಕೀಟಿನಿಂದ ಒಂದು ಕಾರ್ಡು ತೆಗೆದು ತೋರಿಸಿದ. ತಾನು ಓಟು ಹಾಕಿದ್ದು ಇದನ್ನು ತೋರಿಸಿ ಎಂದ. ಅದು ಪಿಸ್ತೂಲು ಇಟ್ಟುಕೊಳ್ಳುವ ಪರವಾನಗಿ. ಕಾಲೇಜಿನಲ್ಲಿ ಓದುವ ಮೊಮ್ಮಗಳ ಗುರುತಿನ ಚೀಟಿ ನಡೆಯುವುದಿಲ್ಲ, ತನ್ನ ಪಿಸ್ತೂಲಿನ ಚೀಟಿ ನಡೆಯುತ್ತದೆ ಎಂದು ಹೇಳಿ ತಾನೇ ನಕ್ಕ. ನಮ್ಮಲ್ಲಿ ಉದ್ಯೋಗ ಖಾತ್ರಿಯ ಕಾರ್ಡು ನಡೆಯುತ್ತದೆ, ಫೋಟೋ ಇರುವ ಬ್ಯಾಂಕ್ ಪಾಸ್‌ಬುಕ್ಕು ನಡೆಯುತ್ತದೆ ಎಂದೆ. ಪಾಸ್‌ಬುಕ್ಕಿಗೆ ಫೋಟೋ ಏಕೆ ಎಂದು ಅವನಿಗೆ ಆಶ್ಚರ್ಯ. ನಾನು ತಂದಿದ್ದ ಖಾರದ ಚಟ್ನಿಪುಡಿ, ಶೇಂಗಾ ಹಿಂಡಿ, ಒಂದು ಡಬ್ಬಿ ಕೊಟ್ಟೆ. ಅದನ್ನು ಅವನು ಐಸ್‌ಕ್ರೀಮಿನ ಮೇಲೆ ಉದುರಿಸಿಕೊಂಡು ತಿಂದನೆಂದು ಮರುದಿನ ಹೇಳಿದ. ಕಣ್ಣಲ್ಲಿ ಇನ್ನೂ ನೀರಿತ್ತು.

ಬಿಲ್ಲನ ಮಾತು ಕೇಳಿ ನನಗೆ ಒಂದು ಹೊಳೆಯಿತು. ನಿಯಮವನ್ನು ನಾವು ಬೇರೆಯವರ ಬಾಯಿಂದ ಕೇಳುತ್ತಿದ್ದೇವೆಯೇ ಹೊರತು ಓದಿಲ್ಲ. ಗ್ರಂಥಾಲಯದ ಬಾಗಿಲಿಗೆ ಒಂದು ದೊಡ್ಡ ಪ್ರಕಟಣೆ ಅಂಟಿಸಿದ್ದನ್ನು ದೂರದಿಂದ ನೋಡಿದ್ದೆ. ಅವಧಿಪೂರ್ವ ಮತದಾನ ಶುಕ್ರವಾರ ಮುಗಿಯಿತು. ಶನಿವಾರ ನಡೆದುಕೊಂಡು ಹೋಗಿ ಅದರ ಮುಂದೆ ನಿಂತು ಒಂದಕ್ಷರ ಬಿಡದೆ ನೋಟುಬುಕ್ಕಿಗೆ ಇಳಿಸಿಕೊಂಡೆ. ಮೊದಲು ಏಳು ಬಗೆಯ ಗುರುತಿನ ಪತ್ರಗಳು. ರಬಿಯಾಳ ಬಳಿ ಇದ್ದವುಗಳಲ್ಲಿ ಹೊಂದುವುದು ಯಾವುದೂ ಇಲ್ಲ. ಅದರ ಕೆಳಗೆ ಸಣ್ಣ ಅಕ್ಷರದಲ್ಲಿ ಇನ್ನೊಂದು ಭಾಗ. ಇವು ಯಾವುವೂ ಇಲ್ಲದವರು, ಸಕಾರಣವಾದ ಅಡ್ಡಿಯಿಂದ ಪಡೆಯಲಾಗದವರು, ಒಂದು ಘೋಷಣೆಗೆ ಸಹಿ ಮಾಡಿ, ಕರೆಂಟ್ ಬಿಲ್ಲನ್ನೋ ಓಟರ್ ಕಾರ್ಡನ್ನೋ ತೋರಿಸಿ ಓಟು ಹಾಕಬಹುದು. ಅಡ್ಡಿಗಳ ಪಟ್ಟಿಯನ್ನು ಆ ಘೋಷಣೆಯ ನಮೂನೆಯಲ್ಲೇ ಮುದ್ರಿಸಿದ್ದರು. ರಬಿಯಾ ಅದನ್ನು ಫೋನಿನಲ್ಲಿ ಹುಡುಕಿ ತೆಗೆದಳು. ಅದರಲ್ಲಿ ಒಂದು: ಅರ್ಜಿ ಹಾಕಿದೆ, ಇನ್ನೂ ಕೈಗೆ ಬಂದಿಲ್ಲ.

"ಇದು ನಿಂದ ನೋಡು!" ಎಂದೆ.

ಅವಳು ಕೆಳಗಿನ ಸಾಲಿಗೆ ಬೆರಳಿಟ್ಟಳು. ಸುಳ್ಳು ಹೇಳಿದರೆ ಶಿಕ್ಷೆ ಎಂದಿತ್ತು.

"ಲೈಸೆನ್ಸ್ ನನ್ನ ಹಂತೇಕ ಅದ ಅಲ್ಲ? ಇಲ್ಲ ಅಂತ ಹೆಂಗ ಸಹಿ ಮಾಡ್ಲಿ? ಅದು ಸುಳ್ಳ ಆಗ್ತದೇನು?"

ಹಳೇ ಹೆಸರಿನ ಲೈಸೆನ್ಸು ಇದ್ದರೆ ಅದು ಇದ್ದಂತೆಯೋ ಇಲ್ಲದಂತೆಯೋ? ಸೋಮವಾರ ಅವಳ ಊಟದ ಬಿಡುವಿನಲ್ಲಿ ಚುನಾವಣಾ ಕಚೇರಿಗೆ ಫೋನು ಹಚ್ಚಿದೆವು. ಕಾಯುವವರಿಗೆಂದು ತುಂಬ ಹೊತ್ತು ಪಿಟೀಲು ನುಡಿಯಿತು. ಆಮೇಲೆ ಬಂದ ಹೆಂಗಸು ಸಾವಧಾನವಾಗಿಯೇ ಕೇಳಿಸಿಕೊಂಡಳು. ಫೋನಿನಲ್ಲಿ ತಾನು ಹೌದು ಅಲ್ಲ ಹೇಳಲಾರೆ, ಇರುವ ಕಾಗದವನ್ನೆಲ್ಲ ತೆಗೆದುಕೊಂಡು ಹೋಗಿ ಜಡ್ಜಿಗೆ ತೋರಿಸಿ ಎಂದಳು. ರಬಿಯಾ ನನ್ನ ಕೈ ಹಿಡಿದುಕೊಂಡಳು. ಯಾವ ಜಡ್ಜು ಎಂದು ನಾನು ಕೇಳಿದೆ. ಮತಗಟ್ಟೆಯ ಮುಖ್ಯಸ್ಥರನ್ನು ಜಡ್ಜ್ ಎನ್ನುತ್ತಾರೆ ಎಂದಳು ಆ ಹೆಂಗಸು.

"ಅಯ್ಯ ನಮ್ಮವ್ವ!" ಎಂದು ನಾನು ಹಣೆ ಬಡಿದುಕೊಂಡೆ. "ಪ್ರಿಸೈಡಿಂಗ್ ಆಫೀಸರ್ ಬೇ! ಅವರು ನಮ್ಮಂಗ ಡ್ಯೂಟಿಗೆ ಬಂದವರು!"

ರಬಿಯಾ ಒಂದು ಗಳಿಗೆ ನಕ್ಕಳು. ಆಮೇಲೆ, "ಆದ್ರೂ ಸಹಿ ಮಾಡಾಕಿ ನಾನ ಅಲ್ಲ?" ಎಂದಳು.

ಅವಳ ಆ ಮಾತು ನನ್ನ ಮನಸ್ಸಿನಿಂದ ಹೋಗಲಿಲ್ಲ. ಏಕೆಂದರೆ ನಾನು ಒಮ್ಮೆ ನಿಯಮವನ್ನು ತಪ್ಪಾಗಿ ನಡೆಸಿದವಳು. ಅಂದೋಲಾದ ಮತಗಟ್ಟೆಗೆ ಒಬ್ಬ ಮುದುಕಿ ಬಂದಿದ್ದಳು. ಕಾರ್ಡಿನಲ್ಲಿ ನಿಂಗಮ್ಮ, ಪಟ್ಟಿಯಲ್ಲಿ ಲಿಂಗಮ್ಮ. ಗಂಡನ ಹೆಸರು ಒಂದೇ, ಮನೆ ನಂಬರು ಒಂದೇ. ಅಂಥ ಸಣ್ಣ ಅಕ್ಷರದೋಷ ನೋಡಬಾರದು ಎಂದು ಕೈಪಿಡಿಯಲ್ಲೇ ಬರೆದಿದೆ, ತರಬೇತಿಯಲ್ಲೂ ಹೇಳಿದ್ದರು. ಆದರೆ ಪಕ್ಷವೊಂದರ ಏಜೆಂಟ್ ತಕರಾರು ತೆಗೆದ, ನನಗೆ ದಿಗಿಲಾಯಿತು. "ಬ್ಯಾರೆ ಕಾಗದ ತಗೊಂಡು ಬರ್ರಿ ಅವ್ವಾರ" ಎಂದು ಕಳಿಸಿದೆ. ಹೊಲದ ಮನೆಯಿಂದ ತರ್ತೇನಿ ಎಂದು ಹೋದಳು. ಸಂಜೆ ಮತಗಟ್ಟೆ ಮುಚ್ಚುವವರೆಗೂ ನಾನು ಬಾಗಿಲು ನೋಡುತ್ತಿದ್ದೆ. ಓಟು ಹಾಕಿದವರ ಹೆಸರಿನ ಕೆಳಗೆ ಕೆಂಪು ಗೆರೆ ಎಳೆಯುತ್ತೇವೆ. ಅವಳ ಹೆಸರಿನ ಕೆಳಗೆ ಗೆರೆ ಬೀಳಲಿಲ್ಲ.

ಆ ಹೊತ್ತು ಹೆದರಿ ಒಬ್ಬಳನ್ನು ಹಿಂದಕ್ಕೆ ಕಳಿಸಿದವಳು ಈಗ ಧೈರ್ಯ ಹೇಳಿ ಇನ್ನೊಬ್ಬಳನ್ನು ಮುಂದಕ್ಕೆ ತಳ್ಳುತ್ತಿದ್ದೇನೆ. ಇದೂ ತಪ್ಪಾದರೆ? ಹದಿನೆಂಟು ವರ್ಷ ಕಾದು ಪಡೆದ ಪೌರತ್ವ ನನ್ನ ನೋಟುಬುಕ್ಕಿನ ನಾಲ್ಕು ಸಾಲಿಗೆ ಹೋದರೆ? ಇದನ್ನೆಲ್ಲ ಅವಳಿಗೂ ಹೇಳಿದೆ, ಅಂದೋಲಾದ್ದನ್ನೂ ಬಿಡಲಿಲ್ಲ. ರಬಿಯಾ ರೊಟ್ಟಿ ಮುರಿಯುತ್ತಾ ಕೇಳಿಸಿಕೊಂಡಳು. "ಮುಂದ ಆಕಿ ಏನಾದ್ಳು?" ಎಂದಳು. ಗೊತ್ತಿಲ್ಲ ಎಂದೆ. ರೊಟ್ಟಿ ತಿಂದು ಕೈ ತೊಳೆದು ಬಂದು, "ನಾಳೆ ಹೋಗೂಣು" ಎಂದಳು.

ಮಂಗಳವಾರ

ಮತದಾನದ ದಿನ ಅಲ್ಲಿ ರಜೆಯಿಲ್ಲ. ರಬಿಯಾ ಬೆಳಗ್ಗೆ ಎದ್ದು ಮಕ್ಕಳಿಗೆ ಅಡುಗೆ ಮಾಡಲು ಹೋದಳು. ನಾನು ಡಬ್ಬಿಯ ಮುಂದೆ ಕೂತೆ. ಅಂಚೆಯವಳು ನನ್ನನ್ನು ನೋಡಿ ದೂರದಿಂದಲೇ ತಲೆಯಾಡಿಸಿದಳು. ಇಲ್ಲ.

ಗ್ರಂಥಾಲಯದ ಮತಗಟ್ಟೆಗೆ ಹೋಗುವಷ್ಟರಲ್ಲಿ ಸಂಜೆ ಐದು. ಸಾಲು ಉದ್ದವಿತ್ತು. ರಬಿಯಾ ಒಂದು ಪ್ಲಾಸ್ಟಿಕ್ ಚೀಲದಲ್ಲಿ ಲೈಸೆನ್ಸು, ಓಟರ್ ಕಾರ್ಡು, ಕರೆಂಟ್ ಬಿಲ್ಲು, ಪಾಸ್‌ಪೋರ್ಟಿಗೆ ಅರ್ಜಿ ಕೊಟ್ಟ ರಶೀದಿ ಎಲ್ಲ ಹಾಕಿಕೊಂಡಿದ್ದಳು. ಫಲಕದ ಬಳಿ ಫೋನನ್ನು ನನ್ನ ಕೈಗಿತ್ತಳು. "ನಾ ಬರಲಿಲ್ಲ ಅಂದ್ರ ಮಗಳಿಗೆ ಫೋನ್ ಮಾಡ" ಎಂದಳು. ತಮಾಷೆ ಮಾಡುತ್ತಿದ್ದಾಳೆಯೇ ಎಂದು ಮುಖ ನೋಡಿದೆ. ಇಲ್ಲ.

ಗೆರೆಯ ಆಚೆ ಎರಡು ಪಕ್ಷದವರೂ ಮಡಚುವ ಕುರ್ಚಿ ಹಾಕಿಕೊಂಡು ಕೂತಿದ್ದರು. ಇಬ್ಬರೂ ನನಗೆ ಚೀಟಿ ಕೊಡಲು ಬಂದರು. ನಾನು ಈ ದೇಶದವಳಲ್ಲ ಎಂದೆ. ಹಾಗಾದರೆ ಕುರ್ಚಿಯಲ್ಲಾದರೂ ಕೂತುಕೊಳ್ಳಿ ಎಂದಳು ಒಬ್ಬಳು. ಇನ್ನೊಂದು ಪಕ್ಷದವನು ನೀರಿನ ಬಾಟಲಿ ಕೊಟ್ಟ. ಒಂದು ಪಕ್ಷದ ಕುರ್ಚಿ, ಇನ್ನೊಂದು ಪಕ್ಷದ ನೀರು. ನಮ್ಮ ಊರಿನಲ್ಲಿ ಹೀಗೆ ಕೂತಿದ್ದರೆ ಸಂಜೆಯೊಳಗೆ ಹತ್ತು ಮಾತು ಹುಟ್ಟುತ್ತಿದ್ದವು.

ಸಾಲು ಕರಗಿ ರಬಿಯಾ ಗಾಜಿನ ಬಾಗಿಲು ದಾಟಿದಳು. ಅಷ್ಟು ದೂರದಿಂದ ನನಗೆ ಕಾಣುತ್ತಿದ್ದದ್ದು ಅವಳ ಹಸಿರು ದುಪಟ್ಟಾ ಮಾತ್ರ. ಮೇಜಿನ ಮುಂದೆ ನಿಂತಿತು. ಒಬ್ಬ ದಪ್ಪ ಹೆಂಗಸು ಎದ್ದು ಬಂದಳು. ಹಸಿರು ದುಪಟ್ಟಾ ಸಾಲಿನಿಂದ ಬೇರೆಯಾಗಿ ಮೂಲೆಯ ಇನ್ನೊಂದು ಮೇಜಿಗೆ ಹೋಯಿತು. ಹಿಂದೆ ಇದ್ದವರು ಒಬ್ಬೊಬ್ಬರೇ ಓಟು ಹಾಕಿ ಹೊರಬರುತ್ತಿದ್ದಾರೆ. ಅವಳು ಮಾತ್ರ ಅಲ್ಲೇ.

ಆಗ ಬಾಗಿಲು ತೆರೆದು ಆ ದಪ್ಪ ಹೆಂಗಸೇ ಹೊರಬಂದಳು. ಆಚೆ ಈಚೆ ನೋಡಿದಳು. ಸೀರೆ ಕಂಡು ನೇರ ನನ್ನ ಕಡೆಗೇ ನಡೆದು ಬಂದಳು. ಕೊರಳಲ್ಲಿ ಬಿಲ್ಲೆ, ಅದರ ಮೇಲೆ ಜಡ್ಜ್ ಎಂದು ಬರೆದಿದೆ. ಅವಳು ಯಾರೆಂದು ನನಗೆ ಗೊತ್ತು, ನನ್ನಂಥದೇ ಡ್ಯೂಟಿ ಮಾಡುವವಳು ಎಂದೂ ಗೊತ್ತು. ಆದರೂ ಕುರ್ಚಿಯಿಂದ ಎದ್ದು ಕೈಕಟ್ಟಿ ನಿಂತೆ.

ನೀವು ರಬಿಯಾಬಿಯ ಜೊತೆ ಬಂದವರೇ ಎಂದು ಕೇಳಿದಳು. ಹೌದು ಎಂದೆ.

ಅವರ ಓದುವ ಕನ್ನಡಕ ನಿಮ್ಮ ಬಳಿ ಇದೆಯಂತೆ ಎಂದಳು.

ನನಗೆ ಮೊದಲು ತಿಳಿಯಲೇ ಇಲ್ಲ. ಆಮೇಲೆ ನನ್ನ ವ್ಯಾನಿಟಿ ಬ್ಯಾಗಿಗೆ ಕೈಹಾಕಿದೆ. ಕಾರಿನಲ್ಲಿ ನನ್ನ ನೋಟುಬುಕ್ಕನ್ನು ಕೊನೆಯ ಸಲ ಓದಿ ಅವಳು ಕನ್ನಡಕವನ್ನು ನನ್ನ ಬ್ಯಾಗಿನಲ್ಲೇ ಹಾಕಿಬಿಟ್ಟಿದ್ದಳು. ಕೊಟ್ಟೆ. ಕೊಡುತ್ತಾ, ಏನಾದರೂ ತೊಂದರೆ ಇದೆಯೇ ಎಂದು ಕೇಳಿದೆ. ತೊಂದರೆ ಏನಿಲ್ಲ, ಪೂರ್ತಿ ಓದದೆ ಸಹಿ ಮಾಡುವುದಿಲ್ಲ ಎನ್ನುತ್ತಾರೆ, ಒಳ್ಳೆಯದೇ ಎಂದಳು ಆಕೆ. ಒಂದು ಓಟಿಗಾಗಿ ಜಡ್ಜು ತಾನೇ ಎದ್ದು ಬಂದು, ಆ ಕನ್ನಡಕವನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು ಹೋದದ್ದನ್ನು ನಾನು ನೋಡಿದೆ. ನಿಂಗಮ್ಮನ ಹಿಂದೆ ಒಬ್ಬ ಹೋಮ್‌ಗಾರ್ಡನ್ನಾದರೂ ಹೊಲದ ಮನೆಯವರೆಗೆ ಕಳಿಸಬಹುದಿತ್ತು ಎಂದು ಆಗ ಅನ್ನಿಸಿತು.

ರಬಿಯಾ ಹೊರಬಂದಾಗ ಪೂರ್ತಿ ಕತ್ತಲಾಗಿರಲಿಲ್ಲ. ಈ ಸಲ ಓಡಲಿಲ್ಲ. ಎದೆಯ ಮೇಲೆ 'ನಾನು ಓಟು ಹಾಕಿದೆ' ಎಂಬ ದುಂಡನೆಯ ಚೀಟಿ ಅಂಟಿಸಿಕೊಂಡಿದ್ದಳು.

"ಏನ ಕೇಳಿದ್ರು?"

"ಲೈಸೆನ್ಸಿನ ಹೆಸರ ಬ್ಯಾರೆ ಅದ, ಪತ್ರ ಪಾಸ್‌ಪೋರ್ಟಿಗೆ ಕೊಟ್ಟೇನಿ, ಇನ್ನಾ ಬಂದಿಲ್ಲ ಅಂತ ಖರೇ ಖರೇ ಹೇಳ್ದೆ. ಆಕಿ ಎಲ್ಲಾ ಕಾಗದ ನೋಡಿದ್ಳು. ಒಂದು ಪುಸ್ತಕ ತೆಗೆದು ನೋಡಿದ್ಳು. ಯಾರಿಗೋ ಫೋನ್ ಮಾಡಿ ಕೇಳಿದ್ಳು. ಆಮ್ಯಾಲೆ ಇಲ್ಲಿ ಸಹಿ ಮಾಡ್ರಿ ಅಂದ್ಳು. ನಾ ಎರಡ ಸಲ ಓದಿ ಮಾಡ್ದೆ."

"ಆಮ್ಯಾಲೆ?"

"ಆಮ್ಯಾಲೆ ನನ್ನ ಹೆಸರ ಓದಿದ್ಳು ಬೇ. ಜರಾ ಕಷ್ಟಪಟ್ಟು ಓದಿದ್ಳು. ಆದ್ರ ಮೂರೂ ಓದಿದ್ಳು. ರಬಿಯಾಬಿ, ಇಸ್ಮಾಯಿಲ್, ಪಟೇಲ್."

ಕಾರಿನಲ್ಲಿ ಕೂತಮೇಲೆ ಹಸಿವಾಗಿದೆ ಎಂದಳು. ಮನೆಗೆ ಬಂದು ಖಡಕ್ ರೊಟ್ಟಿ, ಹಿಂಡಿ, ಮೊಸರು ಹಾಕಿಕೊಂಡು ಕೂತೆವು. ಅವಳು ಮೂರು ರೊಟ್ಟಿ ತಿಂದಳು. ನನಗೆ ಒಂದೂ ಇಳಿಯಲಿಲ್ಲ. ಅವಳ ಹೆದರಿಕೆ ಆ ಸಹಿಯ ಜೊತೆಗೇ ಹೋಗಿತ್ತು. ನನ್ನದು ಹೋಗಿರಲಿಲ್ಲ. ಪಾಸ್‌ಪೋರ್ಟು ಎರಡು ದಿನ ಬಿಟ್ಟು, ಗುರುವಾರ, ಹಲ್ಲಿನ ವೈದ್ಯರ ಜಾಹೀರಾತಿನ ಕೆಳಗೆ ಸಿಕ್ಕಿತು. ನಾನು ಊರಿಗೆ ಮರಳಿದಮೇಲೂ ಅವಳ ನಂಬರಿನಿಂದ ಹೊತ್ತಲ್ಲದ ಹೊತ್ತಿಗೆ ಫೋನು ಬಂದರೆ ಯಾರೋ ನೋಟಿಸು ಕಳಿಸಿದ್ದಾರೆ ಎಂದೇ ನನ್ನ ಜೀವ ಹಾರುತ್ತಿತ್ತು. ಯಾವ ನೋಟಿಸೂ ಬರಲಿಲ್ಲ.

ಆಳಂದ

ಮದುವೆಗೆ ರಬಿಯಾ ಬಂದಳು. ಅಫಜಲಪುರದಿಂದ ನಾನೂ ಹೋದೆ. ಮದುವೆಯ ಗದ್ದಲ ಮುಗಿದ ಮೂರನೆಯ ದಿನ ಅವಳ ಅಣ್ಣ ಒಂದು ಸಂಗತಿ ಹೇಳಿದರು. ಮನೆಯ ಮತದಾರರ ಪಟ್ಟಿಯಲ್ಲಿ ರಬಿಯಾಳ ಹೆಸರು ಇನ್ನೂ ಇದೆ. ಹಿಂದೆ ಅವಳು ಊರಿಗೆ ಬಂದಾಗ ಓಟರ್ ಕಾರ್ಡಿಗೆ ಫೋಟೋ ತೆಗೆಯುವವರು ಬಂದಿದ್ದರಂತೆ. ಇವರು ಅವಳದ್ದೂ ಬರೆಸಿಬಿಟ್ಟಿದ್ದರು. ಆಮೇಲೆ ಬಂದ ಕಾರ್ಡನ್ನು ಕಪಾಟಿನಲ್ಲಿ ಜೋಪಾನವಾಗಿ ಇಟ್ಟಿದ್ದರು.

ಬೇರೆ ದೇಶದ ಪೌರತ್ವ ಪಡೆದವರ ಹೆಸರು ಇಲ್ಲಿನ ಪಟ್ಟಿಯಲ್ಲಿ ಇರಕೂಡದು. ಹೇಳಬೇಕಾದವಳು ನಾನೇ. ಹೇಳಿದೆ. ರಬಿಯಾ ಅಣ್ಣನ ಮುಖ ನೋಡಿದಳು, ಕಾರ್ಡು ನೋಡಿದಳು. "ತೆಗಸೂಣು, ನಡಿ" ಎಂದಳು.

ಆ ಭಾಗದ ಪಟ್ಟಿ ನೋಡಿಕೊಳ್ಳುವವರು ಅಂಗನವಾಡಿಯ ಸುವರ್ಣಾ. ಮಕ್ಕಳು ಮನೆಗೆ ಹೋಗಿದ್ದರು. ನಾನು ಟೀಚರ್, ಓಟಿನ ಡ್ಯೂಟಿ ಮಾಡಿದವಳು ಎಂದು ರಬಿಯಾ ಮೊದಲೇ ಹೇಳಿದಳು. ಅವರು ನಮಗೆ ಚಾಪೆ ಹಾಸಿ, ಪಟ್ಟಿ ತೆಗೆದು, ಹೆಸರು ಹುಡುಕಿ, ತೆಗೆದುಹಾಕುವ ಅರ್ಜಿಯ ನಮೂನೆ ಮುಂದಿಟ್ಟರು.

"ತಮ್ಮ ಹೆಸರ ತಾವೇ ತೆಗಸಾಕ ಬಂದವರು ನೀವ ಮೊದಲಿಗರ್ರಿ" ಎಂದರು ಸುವರ್ಣಾ. "ಗುರುತಿಗೆ ಏನಾರ ಅದ ಏನ್ರೀ?"

ರಬಿಯಾ ನೀಲಿ ಪಾಸ್‌ಪೋರ್ಟು ಕೊಟ್ಟಳು. ಸುವರ್ಣಾ ಅದನ್ನೂ ಪಟ್ಟಿಯನ್ನೂ ಪಕ್ಕದಲ್ಲಿಟ್ಟು ನೋಡಿದರು. ಪಟ್ಟಿಯ ಫೋಟೋದಲ್ಲಿ ರಬಿಯಾಳಿಗೆ ಕಪ್ಪು ಕೂದಲು, ಮೂಗಿನ ಎರಡೂ ಹೊಳ್ಳೆಗೆ ನತ್ತು. "ಇಲ್ಲಿ ಬರೀ ರಬಿಯಾಬಿ ಅದ, ಇದರಾಗ ಉದ್ದಕ ಅದ" ಎಂದು ತಮ್ಮಷ್ಟಕ್ಕೆ ಹೇಳಿಕೊಂಡರು. ಅವರು ರಬಿಯಾಳ ಮುಖವನ್ನು ಒಂದು ಸಲ ಚೆನ್ನಾಗಿ ನೋಡಿದರು. "ನೀವ ಬಿಡ್ರಿ, ಗೊತ್ತಾಗ್ತದ" ಎಂದು ಪೆನ್ನು ಕೊಟ್ಟರು.

ರಬಿಯಾ ಕನ್ನಡದಲ್ಲಿ ಸಹಿ ಮಾಡಿದಳು. ನಾಲ್ಕೇ ಅಕ್ಷರ. ಬಹಳ ವರ್ಷ ಬರೆಯದೆ ಬಿಟ್ಟಿದ್ದರಿಂದ ಕೊನೆಯ 'ಬಿ'ಯ ಗುಡಿಸು ಹಾಕಲು ಕೈ ತಡೆಯಿತು.

"ಒಂದ ಸಲಾನೂ ಹಾಕಲಿಲ್ಲ ನೋಡು ಇಲ್ಲಿ" ಎಂದಳು ನನ್ನ ಕಡೆ ನೋಡದೆ.

ಸುವರ್ಣಾ ಅರ್ಜಿ ತೆಗೆದುಕೊಂಡರು. ಆಮೇಲೆ ಚಾಪೆಯ ಮೇಲಿದ್ದ ಹಳೇ ಕಾರ್ಡಿಗೆ ಕೈ ಚಾಚಿ ಅರ್ಧಕ್ಕೆ ನಿಲ್ಲಿಸಿದರು. "ಕಾರ್ಡ್ ವಾಪಸ್ ತಗೋಬೇಕೋ ಏನೋ ಟೀಚರ್? ರೂಲ್ ಏನದ ಹೇಳ್ರಿ. ನಿಮಗ ಎಲ್ಲಾ ಗೊತ್ತಿರ್ತದ" ಎಂದರು.

ಓಣಿಯಲ್ಲಿ ಒಂದು ಆಡಿನಮರಿ ಯಾರದೋ ಕಟ್ಟೆಯ ಮೇಲೆ ಒಣಹಾಕಿದ್ದ ಹಪ್ಪಳಕ್ಕೆ ಬಾಯಿ ಹಾಕುತ್ತಿತ್ತು. ನಾನು ಎದ್ದು ಬಾಗಿಲಿಗೆ ಹೋಗಿ, "ಹಚಾ! ಹಚಾ!" ಎಂದು ಅದನ್ನು ಓಡಿಸುತ್ತಾ ಸ್ವಲ್ಪ ಹೆಚ್ಚೇ ಹೊತ್ತು ಹೊರಗೆ ನಿಂತೆ. ತಿರುಗಿ ಒಳಗೆ ಬಂದಾಗ ಚಾಪೆಯ ಮೇಲೆ ಕಾರ್ಡು ಇರಲಿಲ್ಲ. ರಬಿಯಾ ತನ್ನ ಚೀಲದ ಝಿಪ್ ಎಳೆಯುತ್ತಿದ್ದಳು. ಸುವರ್ಣಾ ಒಲೆಯ ಮೇಲೆ ಚಹಾಕ್ಕೆ ನೀರಿಡುತ್ತಿದ್ದರು.